ಸೂರ್ಯನಿಗೆ ‘ಸಾಕು’ ಎನ್ನುವ ಹಾಡು

ಎಲ್ಲರಿಗೂ ನಮಸ್ಕಾರ. ಬಾಗಲಕೋಟೆಯಲ್ಲಿ, ಮೇ ತಿಂಗಳ ಮಧ್ಯಾಹ್ನ, ಸೂರ್ಯನ ಬಗ್ಗೆ ಮಾತಾಡಿ ಅಂತ ಕರೆದಿದ್ದೀರಿ. ಈ ಬಿಸಿಲಲ್ಲಿ ನಡೆದು ಬಂದವರಿಗೆ ಪೀಠಿಕೆ ಬೇಕಾಗಿಲ್ಲ. ನೇರ ವಿಷಯಕ್ಕೆ ಬರುತ್ತೇನೆ.

ನಮ್ಮ ಹುಡುಗ ಹುಡುಗಿಯರು ಈಗ ಕಲ್ಪನೆಯ ಲೋಕಗಳ ಕಾದಂಬರಿ ಬರೆಯುತ್ತಿದ್ದಾರೆ. ನನಗೆ ಬಹಳ ಖುಷಿ. ನಕ್ಷೆ ಬಿಡಿಸುತ್ತಾರೆ, ರಾಜವಂಶ ಕಟ್ಟುತ್ತಾರೆ, ಹೊಳೆಗಳಿಗೆ ಚೆಂದದ ಹೆಸರಿಡುತ್ತಾರೆ. ದೇವರ ಮಾತು ಬಂದಾಗ ಹೆಚ್ಚಿನವರು ಸೂರ್ಯನನ್ನು ಕೂರಿಸುತ್ತಾರೆ. ಸೂರ್ಯ ಬಂದ ಮೇಲೆ ಸ್ತೋತ್ರ ಬೇಕಲ್ವಾ? ಅಲ್ಲಿ ಕತೆ ಕೈಕೊಡುತ್ತದೆ. ‘ಓ ತೇಜೋಮಯನೇ, ಜಗದ್ರಕ್ಷಕನೇ’ ಅಂತ ಎಂಟು ಸಾಲು ಬರುತ್ತವೆ. ಆ ಎಂಟು ಸಾಲನ್ನು ಕಿತ್ತು ಹಿಮದ ನಾಡಿನಲ್ಲಿಟ್ಟರೂ ನಡೆಯುತ್ತದೆ, ಮರಳುಗಾಡಿನಲ್ಲಿಟ್ಟರೂ ನಡೆಯುತ್ತದೆ. ಹಾಡುವವನ ಬೆನ್ನ ಮೇಲೆ ಬಿಸಿಲು ಬಿದ್ದ ಗುರುತೇ ಇಲ್ಲ.

ನಾನು ಹೇಳಬೇಕೆಂದು ಬಂದದ್ದು ಒಂದೇ. ಸೂರ್ಯನ ಹಾಡಿನಲ್ಲಿ ‘ಬಾ’ ಇದ್ದರೆ ಸಾಲದು, ‘ಸಾಕು’ ಕೂಡ ಇರಬೇಕು.

ಸವದತ್ತಿ ಎಲ್ಲಮ್ಮನ ಗುಡ್ಡಕ್ಕೆ ಇಲ್ಲಿ ಹೋಗದವರು ಯಾರೂ ಇರಲಿಕ್ಕಿಲ್ಲ. ರೇಣುಕೆ ಅಂದ ಕೂಡಲೇ ನಮಗೆ ಪರಶುರಾಮನ ಕೊಡಲಿ ನೆನಪಾಗುತ್ತದೆ. ಆ ಕತೆ ಇವತ್ತು ಬೇಡ. ಮಹಾಭಾರತದ ಅನುಶಾಸನ ಪರ್ವದಲ್ಲಿ ಆಕೆಯ ಇನ್ನೊಂದು ಕತೆ ಇದೆ. ಜಮದಗ್ನಿ ಬಿಲ್ಲಿನ ಅಭ್ಯಾಸ ಮಾಡುತ್ತಿದ್ದಾನೆ. ಅವನು ಬಾಣ ಬಿಡುವುದು, ರೇಣುಕೆ ಓಡಿ ಹೋಗಿ ತರುವುದು. ಮತ್ತೆ ಬಿಡುವುದು, ಮತ್ತೆ ತರುವುದು. ಕಡು ಬೇಸಿಗೆ, ಹೊತ್ತು ನೆತ್ತಿಗೆ ಬಂದಿದೆ. ಆಕೆಯ ತಲೆ ಸುಡುತ್ತಿದೆ, ಪಾದ ಸುಡುತ್ತಿದೆ. ಒಂದು ಗಳಿಗೆ ಮರದ ನೆರಳಿಗೆ ನಿಂತಳು. ತಡವಾಯಿತು. ಗಂಡ ಏನೆನ್ನುತ್ತಾನೋ ಅಂತ ಹೆದರಿಕೊಂಡೇ ಬಂದಳು. (ಬಾಣ ಬಿಡುವವನು ನೆರಳಲ್ಲಿದ್ದನೋ ಬಿಸಿಲಲ್ಲಿದ್ದನೋ ಎಂದು ನಮ್ಮ ಹೆಣ್ಣುಮಕ್ಕಳು ಕೇಳಬೇಕು. ಕೇಳುವ ಹಕ್ಕು ಅವರಿಗಿದೆ.) ಕಾರಣ ತಿಳಿದ ಜಮದಗ್ನಿಯ ಸಿಟ್ಟು ಸೂರ್ಯನ ಮೇಲೆ ತಿರುಗಿತು. ಬಾಣ ಹೂಡಿದ.

ಸೂರ್ಯ ಬ್ರಾಹ್ಮಣನ ವೇಷದಲ್ಲಿ ಇಳಿದು ಬಂದ. ಮಳೆ ನನ್ನಿಂದ, ಬೆಳೆ ನನ್ನಿಂದ, ನನ್ನನ್ನು ಕೆಡವಿ ಏನು ಮಾಡುತ್ತೀ ಎಂದ. ಜಮದಗ್ನಿ ಜಗ್ಗಲಿಲ್ಲ. ಸದಾ ಚಲಿಸುವವನಿಗೆ ಹೇಗೆ ಗುರಿ ಇಡುತ್ತೀ ಎಂದು ಸೂರ್ಯ ಕೇಳಿದ. ಅದಕ್ಕೆ ಜಮದಗ್ನಿಯ ಉತ್ತರ ಕೇಳಿ: ನಡುಹಗಲಿಗೆ ನೀನು ಅರೆ ನಿಮಿಷ ನಿಲ್ಲುತ್ತೀ, ಆಗ ಹೊಡೆಯುತ್ತೇನೆ! ಸೂರ್ಯ ಶರಣು ಬಂದ. ತಲೆಗೆ ಕೊಡೆ ಕೊಟ್ಟ, ಕಾಲಿಗೆ ಚರ್ಮದ ಪಾದರಕ್ಷೆ ಕೊಟ್ಟ. ಬಿಸಿಲು ಮಾತ್ರ ಹಾಗೇ ಉಳಿಯಿತು. ಎಂಥ ಕತೆ ನೋಡಿ! ಬೈಗುಳ, ಬೇಡಿಕೆ, ರಾಜಿ ಎಲ್ಲ ಒಂದೇ ಕಡೆ ಇದೆ. ಸ್ತೋತ್ರಕ್ಕೆ ಬೇಕಾದ ಸಾಮಾನೆಲ್ಲ ಇಲ್ಲಿದೆ.

ಆ ಅರೆ ನಿಮಿಷ ನನ್ನನ್ನು ಹಿಡಿದು ನಿಲ್ಲಿಸಿತು. ಅದರಿಂದಲೇ ನಾನೊಂದು ನಾಡು ಕಟ್ಟಿದ್ದೇನೆ. ಹೆಸರು ಕೆಂಡನಾಡು. ಅಲ್ಲಿ ಸೂರ್ಯ ನಡುಹಗಲಿಗೆ ನೆತ್ತಿಯ ಮೇಲೆ ನಿಂತುಬಿಡುತ್ತಾನೆ. ಎಷ್ಟು ಹೊತ್ತು ನಿಲ್ಲುತ್ತಾನೆ ಎಂದು ಯಾರಿಗೂ ಹೇಳಲಾಗದು. ಅವನನ್ನು ಮುಂದೆ ಕಳಿಸಲು ಪೂಜೆ ಮಾಡಬೇಕು. ಹಾಗಾಗಿ ಅಲ್ಲಿನ ದೊಡ್ಡ ಪೂಜೆ ಬೆಳಗ್ಗೆ ಅಲ್ಲ, ಮಧ್ಯಾಹ್ನ. ಹಾಡುವವರು ನೀರು ಹೊರುವ ಹೆಂಗಸರು. ಕಾದ ಹಾಸುಬಂಡೆಯ ಮೇಲೆ ಬರಿಗಾಲಲ್ಲಿ, ತುಂಬಿದ ಕೊಡ ಹೊತ್ತು ಹಾಡುತ್ತಾರೆ:

ಬಂದಿದ್ದು ಛಲೋ ಆತು, ನಿಂದಿದ್ದು ಸಾಕಾತು
ಕಂದನ ಕಾಲು ಸುಡತಾವ, ನನ್ನಪ್ಪ
ಮುಂದಿನ ಊರು ಕಾದೈತಿ

ತ್ರಿಪದಿ. ಬೇರೆ ಯಾವ ಧಾಟಿಯೂ ನನಗೆ ತೋಚಲಿಲ್ಲ, ಹುಡುಕಲೂ ಇಲ್ಲ. ಬಾದಾಮಿಯ ಬಂಡೆಯ ಮೇಲೆ ಸುಮಾರು ಕ್ರಿ.ಶ. 700ರ ಕಪ್ಪೆ ಅರಭಟ್ಟನ ಶಾಸನದಲ್ಲಿ ಇದೇ ತ್ರಿಪದಿ ಇದೆ. ನಮ್ಮ ಅವ್ವಂದಿರು ನಸುಕಿನಲ್ಲಿ ಜೋಳ ಬೀಸುತ್ತಾ ಹಾಡಿದ್ದೂ ಇದನ್ನೇ. ಹಾಡುವಾಗ ಎರಡನೇ ಸಾಲು ಮರಳಿ ಬರುತ್ತದೆ. ಮೈ ದುಡಿಯುತ್ತಿರುವಾಗ ಉಸಿರಿಗೆ ಆ ಮರುಸಾಲು ಬೇಕು. ಕೆಂಡನಾಡಿನಲ್ಲಿ ಆ ಮರುಸಾಲಿಗೆ ಕಾಲು ಬದಲಿಸುತ್ತಾರೆ: ಸುಟ್ಟ ಕಾಲು ಮೇಲೆ, ಇನ್ನೊಂದು ಕೆಳಗೆ. ಅದೇ ಅವರ ಕುಣಿತ. ಕುಣಿತಕ್ಕೆ ಬೇರೆ ಶಾಸ್ತ್ರ ನಾನು ಬರೆಯಬೇಕಾಗಲಿಲ್ಲ.

ಈಜಿಪ್ಟಿನ ಹಳೆಯ ಸೂರ್ಯನ ಹಾಡಿನಲ್ಲಿ ‘ಸಾಕು’ ಎಲ್ಲಿದೆ ಅಂತ ಕೇಳುವವರಿದ್ದೀರಿ. ಅಮರ್ನಾದಲ್ಲಿ ಆಯ್ ಎಂಬವನ ಸಮಾಧಿಯ ಗೋಡೆಯಲ್ಲಿ ಕೆತ್ತಿದ, ಅಟೆನ್ ಎಂಬ ಸೂರ್ಯದೇವನ ಸ್ತೋತ್ರ ಸುಮಾರು 3,300 ವರ್ಷ ಹಳೆಯದು. ಅದರಲ್ಲಿ ‘ಸಾಕು’ ಇಲ್ಲ, ನಿಜ. ಆದರೆ ಸೂರ್ಯ ಮುಳುಗಿದ ಮೇಲೆ ಸಿಂಹ ಗುಹೆ ಬಿಟ್ಟು ಬರುತ್ತದೆ, ಹಾವು ಕಚ್ಚುತ್ತದೆ. ಮೊಟ್ಟೆಯೊಳಗಿನ ಮರಿ ಚಿಂವ್ ಅನ್ನುತ್ತದೆ, ಅದಕ್ಕೆ ಉಸಿರು ಕೊಟ್ಟವನು ನೀನು ಎನ್ನುತ್ತಾನೆ ಕವಿ. ಮೊಟ್ಟೆಗೆ ಕಿವಿ ಕೊಟ್ಟವನು ಅವನು! ನಾನು ಕೇಳುವುದೂ ಅದನ್ನೇ: ನಿಮ್ಮ ಲೋಕದಲ್ಲಿ ಬಿಸಿಲು ಯಾರನ್ನು ಸುಡುತ್ತದೆ, ಕತ್ತಲು ಯಾರನ್ನು ಕಚ್ಚುತ್ತದೆ, ಅದನ್ನು ಬರೆಯಿರಿ.

ಅಧ್ಯಕ್ಷರು ಎರಡನೇ ಚೀಟಿ ಕಳಿಸಿದ್ದಾರೆ. ಐಹೊಳೆಯ ದುರ್ಗ ಗುಡಿ ಮೂಲದಲ್ಲಿ ಸೂರ್ಯನದು ಎಂಬ ಚರ್ಚೆ, ಪೂಜೆಯ ವಾದ್ಯ, ಗ್ರಹಣದ ಹಾಡು ಇವೆಲ್ಲ ಉಳಿದವು. ಬಿಡುತ್ತೇನೆ.

ಕೆಂಡನಾಡಿನ ಹಾಡಿನ ಮೂರನೇ ಸಾಲಿನ ಬಗ್ಗೆ ಮಾತ್ರ ಒಂದು ಮಾತು. ಈ ಊರಿನವರು ‘ಸಾಕು’ ಅನ್ನುವ ಹೊತ್ತಿಗೆ ಮುಂದಿನ ಊರಿನವರು ಅದೇ ಧಾಟಿಯಲ್ಲಿ ‘ಬಾ’ ಅನ್ನುತ್ತಿರುತ್ತಾರೆ. ಅವರ ಬಿತ್ತನೆ ಇನ್ನೂ ಆಗಿಲ್ಲ, ಅವರಿಗೆ ಬಿಸಿಲು ಬೇಕು. ಒಂದು ದಿನ ಎರಡೂ ಊರು ಒಟ್ಟಿಗೆ ‘ಸಾಕು’ ಎಂದು ಹಾಡಿಬಿಟ್ಟರೆ ಸೂರ್ಯ ಎಲ್ಲಿಗೆ ಹೋಗಬೇಕು? ನನ್ನ ಕಾದಂಬರಿ ಶುರುವಾಗುವುದು ಆ ದಿನ. ಈಗ ನಿಮ್ಮ ಪ್ರಶ್ನೆ ಕೇಳಿ. ಸ್ತೋತ್ರ ಬರೆದು ತಂದವರು ಮೊದಲು ಬನ್ನಿ, ಓದಬೇಡಿ, ಹಾಡಿ.