ಬಿಡಬಹುದು, ಸೇರಿಸಬಾರದು

ಕೇಳುಗರಿಗೆ ನಮಸ್ಕಾರ. ಕಾದಂಬರಿ ಓದಿಕೊಂಡು ಅದರ ಸಿನಿಮಾಕ್ಕೆ ಹೋಗಿ, ‘ಪುಸ್ತಕದ ಹಾಗಿಲ್ಲ ಬಿಡಿ’ ಅಂತ ಗೊಣಗುತ್ತಾ ಬರುವವರು ನಿಮ್ಮಲ್ಲಿ ಇದ್ದೇ ಇರುತ್ತೀರಿ. ಇವತ್ತಿನ ಮಾತು ನಿಮಗಾಗಿಯೇ.

ಫ್ರಾನ್ಸಿನ ನಿರ್ದೇಶಕ ರೊಬೇರ್ ಬ್ರೆಸಾನ್ 1901ರಲ್ಲಿ ಹುಟ್ಟಿದವರು, 1999ರ ತನಕ ಬದುಕಿದ್ದರು. ಮೊದಲು ಚಿತ್ರಕಲಾವಿದರು, ಆಮೇಲೆ ಸಿನಿಮಾದವರು. ಅಷ್ಟು ದೊಡ್ಡ ಆಯುಸ್ಸಿನಲ್ಲಿ ಮಾಡಿದ ಪೂರ್ಣಾವಧಿ ಚಿತ್ರಗಳು ಬರೀ 13. ಅದರಲ್ಲಿ ಹತ್ತಿರ ಹತ್ತಿರ ಅರ್ಧ ಸಾಹಿತ್ಯದಿಂದ ಬಂದವು. ದಿದೆರೋ, ಬೆರ್ನಾನೋಸ್, ದಾಸ್ತೋವ್‌ಸ್ಕಿ, ಟಾಲ್‌ಸ್ಟಾಯ್, ಎಲ್ಲರೂ ಇದ್ದಾರೆ. ಬ್ರೆಸಾನ್ ಹಿಡಿದ ದಾರಿ ಒಂದೇ. ಪುಸ್ತಕದಿಂದ ಎಷ್ಟು ಬೇಕಾದರೂ ಬಿಡಿ, ನಿಮ್ಮದನ್ನು ಮಾತ್ರ ಸೇರಿಸಬೇಡಿ.

ಬೆರ್ನಾನೋಸ್ ಅವರ ‘ಹಳ್ಳಿ ಪಾದ್ರಿಯ ದಿನಚರಿ’ ಕಾದಂಬರಿಯ ಕಥೆ ಕೇಳಿ. ಒಬ್ಬ ಯುವ ಪಾದ್ರಿ. ಹೊಟ್ಟೆ ಕೆಟ್ಟಿದೆ, ವೈನಿನಲ್ಲಿ ನೆನೆಸಿದ ಬ್ರೆಡ್ ಬಿಟ್ಟು ಬೇರೇನೂ ಸೇರುವುದಿಲ್ಲ. ಊರಿನವರಿಗೆ ಅವನನ್ನು ಕಂಡರಾಗದು. ಇದನ್ನು ಸಿನಿಮಾ ಮಾಡಲು ಮೊದಲು ಚಿತ್ರಕಥೆ ಬರೆದವರು ಒರಾಂಶ್ ಮತ್ತು ಬೋಸ್ತ್. ಆ ಕಾಲದ ಫ್ರಾನ್ಸಿನಲ್ಲಿ ಬಹಳ ಬೇಡಿಕೆಯಿದ್ದ ಜೋಡಿ. ಪುಸ್ತಕದಲ್ಲಿ ಕೆಲವು ಸನ್ನಿವೇಶಗಳನ್ನು ಚಿತ್ರಿಸಲು ಆಗುವುದೇ ಇಲ್ಲ, ಅದರ ಬದಲು ಸಮನಾದದ್ದು ಇನ್ನೊಂದನ್ನು ಬರೆಯಬೇಕು ಅನ್ನುವುದು ಅವರ ವಾದ. ಹಾಗೆ ‘ಆಗದ’ ಸನ್ನಿವೇಶ ಯಾವುದು ಗೊತ್ತಾ? ಶಾಂತಾಲ್ ಅನ್ನುವ ಹುಡುಗಿ ಚರ್ಚಿನ ಪಾಪನಿವೇದನೆಯ ಗೂಡಿನಲ್ಲಿ ಪಾದ್ರಿಯ ಜೊತೆ ಮಾತಾಡುವುದು. ಅಷ್ಟೇ! ಅದನ್ನು ತೆಗೆದು ಏನಿಟ್ಟರು? ಹುಡುಗಿ ಪವಿತ್ರ ಪ್ರಸಾದವನ್ನು ಪ್ರಾರ್ಥನಾ ಪುಸ್ತಕದ ಹಾಳೆಗಳ ನಡುವೆ ಉಗಿದು ತೋರಿಸುತ್ತಾಳೆ. ಪುಸ್ತಕದಲ್ಲಿ ಅದು ಎಲ್ಲಿದೆ ಸ್ವಾಮಿ? ಬೆರ್ನಾನೋಸ್ ಆ ಚಿತ್ರಕಥೆಯನ್ನು ಒಪ್ಪಲಿಲ್ಲ.

ಅವರು 1948ರಲ್ಲಿ ತೀರಿಕೊಂಡರು. 1951ರಲ್ಲಿ ಬ್ರೆಸಾನ್ ಸಿನಿಮಾ ಬಂತು. ಚಿತ್ರಿಸಲು ಆಗುವುದಿಲ್ಲ ಅಂದ ಸನ್ನಿವೇಶ ಅದರಲ್ಲಿದೆ. ಗೂಡಿನ ಕತ್ತಲೆಯಲ್ಲಿ ಶಾಂತಾಲ್ ಮುಖ ಸ್ವಲ್ಪ ಸ್ವಲ್ಪವೇ ಕಾಣುತ್ತಾ ಬರುತ್ತದೆ. ನಿನ್ನ ಹತ್ತಿರ ಇರುವ ಆ ಪತ್ರ ಕೊಡು ಅನ್ನುತ್ತಾನೆ ಪಾದ್ರಿ. ಇವನಿಗೆ ಹೇಗೆ ಗೊತ್ತಾಯಿತು, ಇವನೇನು ಸೈತಾನನಾ ಅಂತ ಅವಳು ಬೆಚ್ಚುತ್ತಾಳೆ. ಒಂದು ಮುಖ, ಒಂದು ಕತ್ತಲೆ, ಮುಗಿಯಿತು. ಮೂರು ವರ್ಷದ ಮೇಲೆ, ಇನ್ನೂ 22 ತುಂಬದ ಸಿನಿಮಾ ವಿಮರ್ಶಕ ಫ್ರಾನ್ಸ್ವಾ ತ್ರುಫೋ ಇದೇ ಉದಾಹರಣೆ ಹಿಡಿದು ಒರಾಂಶ್–ಬೋಸ್ತ್ ಜೋಡಿಯನ್ನು ಪತ್ರಿಕೆಯಲ್ಲಿ ಚೆನ್ನಾಗಿ ಝಾಡಿಸಿದ. ಆ ಲೇಖನ ಓದಿದಾಗೆಲ್ಲ ನನಗೆ ಖುಷಿಯೋ ಖುಷಿ.

ಬಿಡಿ, ಸಮಯ ಓಡ್ತಾ ಇದೆ. ಬ್ರೆಸಾನ್ ನಟರಿಗೂ ಇದೇ ನಿಯಮ. ವೃತ್ತಿನಟರೇ ಬೇಡ ಅಂದರು. ಮುಖದ ಮೇಲಿನ ಅಭಿನಯ ಇಳಿದು ಹೋಗುವ ತನಕ ಒಂದೇ ಶಾಟ್ ಮತ್ತೆ ಮತ್ತೆ ತೆಗೆದರು. ಮುಖವೂ ಏನನ್ನೂ ಸೇರಿಸಬಾರದು, ಅಲ್ವಾ?

1969ರಲ್ಲಿ ದಾಸ್ತೋವ್‌ಸ್ಕಿಯ ಒಂದು ನೀಳ್ಗತೆ ಮಾಡಿದರು. ಗಿರವಿ ಅಂಗಡಿಯವನ ಹೆಂಡತಿ ಮೇಲಿನಿಂದ ಹಾರಿ ಸಾಯುತ್ತಾಳೆ. ಅವಳು ಬೀಳುವುದನ್ನು ಬ್ರೆಸಾನ್ ತೋರಿಸಲೇ ಇಲ್ಲ. ಬಾಲ್ಕನಿಯಲ್ಲಿ ಟೇಬಲ್ ಉರುಳುತ್ತದೆ, ಒಂದು ಬಿಳಿ ಶಾಲು ಗಾಳಿಯಲ್ಲಿ ತೇಲುತ್ತಾ ಇಳಿಯುತ್ತದೆ. ಬ್ರೆಸಾನ್ ಎಂದರೆ ಪ್ರಾಣ ಬಿಡುತ್ತಿದ್ದ ನಮ್ಮ ದೇಶದ ನಿರ್ದೇಶಕ ಮಣಿ ಕೌಲ್ ಕೂಡ ಮುಂದೆ ಇದೇ ಕಥೆಯನ್ನು ‘ನಜರ್’ ಅಂತ ಸಿನಿಮಾ ಮಾಡಿದರು.

ಕೊನೆಯ ಚಿತ್ರ 1983ರದು, ಟಾಲ್‌ಸ್ಟಾಯ್ ಕಥೆ. ಒಂದು ಖೋಟಾ ನೋಟು ಕೈಯಿಂದ ಕೈಗೆ ಹೋಗಿ, ಪಾಪದ ಒಬ್ಬ ಕೆಲಸಗಾರನನ್ನು ಕೊಲೆಗಾರನನ್ನಾಗಿ ಮಾಡುತ್ತದೆ. ಕಥೆಯನ್ನು ಈ ಕಾಲದ ಫ್ರಾನ್ಸಿಗೆ ತಂದರಲ್ಲ, ಅದು ಸೇರಿಸಿದ್ದಲ್ವಾ ಅಂತ ದಯವಿಟ್ಟು ಕೇಳಬೇಡಿ! ಟಾಲ್‌ಸ್ಟಾಯ್ ಎರಡನೇ ಭಾಗದಲ್ಲಿ ಪಾಪಿಗಳ ಮನ ತಿರುಗುವ ಕಥೆ ಹೇಳುತ್ತಾರೆ. ಬ್ರೆಸಾನ್ ಅದನ್ನು ಬಿಟ್ಟೇಬಿಟ್ಟರು. ಕಾನ್ ಚಿತ್ರೋತ್ಸವದಲ್ಲಿ ಅದಕ್ಕೆ ಪ್ರಶಸ್ತಿ ಬಂತು, ರಷ್ಯಾದ ನಿರ್ದೇಶಕ ತಾರ್ಕೋವ್‌ಸ್ಕಿ ಜೊತೆ ಹಂಚಿಕೊಂಡದ್ದು. 81ರ ಮುದುಕ ವೇದಿಕೆ ಹತ್ತಿದಾಗ ಸಭೆಯಲ್ಲಿ ಕೆಲವರು ಕೂಗಿ ಗೇಲಿ ಮಾಡಿದರು. ಅವರೂ ಪುಸ್ತಕ ಓದಿಕೊಂಡು ಬಂದವರೇ ಇರಬೇಕು. ನಮಸ್ಕಾರ.