ಇದು ಯಾರ ಮನೆ ಕತೆ?

ನಮಸ್ಕಾರ. ಅನಿಮೇಷನ್ ಅಂದರೆ ಮಕ್ಕಳ ಕಾರ್ಟೂನ್ ಅಂತ ಸುಮ್ನೆ ಪಕ್ಕಕ್ಕೆ ಇಟ್ಟುಬಿಡುತ್ತೇವೆ, ಅಲ್ವಾ? ಆದರೆ ಗಂಡ ಹೆಂಡತಿ, ಅಕ್ಕಪಕ್ಕದ ಮನೆ, ಊರಿನ ಕಟ್ಟುಪಾಡು ಇವನ್ನೆಲ್ಲ ಹಿಡಿದು ದೊಡ್ಡವರಿಗೆಂದೇ ಮಾಡಿದ ಪ್ರಯೋಗದ ಕಿರುಚಿತ್ರಗಳಿವೆ.

ಆಗಿನ ಜೆಕೊಸ್ಲೊವಾಕಿಯಾದ ಯಾನ್ ಶ್ವಾಂಕ್‌ಮಯರ್ 1982ರಲ್ಲಿ 'ಡೈಮೆನ್ಷನ್ಸ್ ಆಫ್ ಡೈಲಾಗ್' ಮಾಡಿದರು. ಅದರ ಎರಡನೇ ಭಾಗದಲ್ಲಿ ಜೇಡಿಮಣ್ಣಿನ ಒಂದು ಗಂಡು, ಒಂದು ಹೆಣ್ಣು ಮೇಜಿಗೆ ಎದುರುಬದುರು ಕೂತಿರುತ್ತಾರೆ. ಮುತ್ತಿಡುತ್ತಾರೆ. ಕರಗಿ ಒಂದೇ ಮಣ್ಣಾಗುತ್ತಾರೆ. ಮತ್ತೆ ಬೇರೆಯಾದಾಗ ಮೇಜಿನ ಮೇಲೆ ಒಂದು ಸಣ್ಣ ಮುದ್ದೆ ಉಳಿದಿರುತ್ತದೆ. ಅದು ಅವನ ಹತ್ತಿರ ಹೋದರೆ ಅವನು ತಳ್ಳುತ್ತಾನೆ, ಅವಳ ಹತ್ತಿರ ಬಂದರೆ ಅವಳು ತಳ್ಳುತ್ತಾಳೆ. ಕೊನೆಗೆ ಪರಚಾಡಿ, ಕಿತ್ತಾಡಿ ಇಬ್ಬರೂ ರಾಡಿಯಾಗುತ್ತಾರೆ. ಇಡೀ ಜಗಳದಲ್ಲಿ ಒಂದು ಮಾತೂ ಇಲ್ಲ. ಬರ್ಲಿನ್ ಚಿತ್ರೋತ್ಸವದಲ್ಲಿ ಇದಕ್ಕೆ ಪ್ರಶಸ್ತಿ ಬಂತು, ಸ್ವಂತ ದೇಶದಲ್ಲಿ ನಿಷೇಧ ಬಿತ್ತು.

ಕೆನಡಾದ ನಾರ್ಮನ್ ಮೆಕ್‌ಲಾರೆನ್ ಅವರ 1952ರ 'ನೇಬರ್ಸ್' ಇನ್ನೊಂದು. ನಿಜವಾದ ಮನುಷ್ಯರನ್ನೇ ಗೊಂಬೆಗಳ ಹಾಗೆ ಒಂದೊಂದು ಫ್ರೇಮಿಗೂ ಚೂರುಚೂರು ಸರಿಸಿ ತೆಗೆದದ್ದು. ಗಡಿಯಲ್ಲಿ ಅರಳಿದ ಒಂದು ಹೂವಿಗಾಗಿ ನೆರೆಯವರಿಬ್ಬರು ಹೊಡೆದಾಡಿ ಸಾಯುತ್ತಾರೆ. ತೋಟದ ಬೇಲಿ ಜಗಳ ಕಂಡ ನಮಗೆ ಇದೇನು ಹೊಸದಲ್ಲ, ಬಿಡಿ.

ಇದೇ ಕತೆಗಳನ್ನು ಮಲೆನಾಡಿನ ಒಂದು ಹಳ್ಳಿಯಲ್ಲಿ ನಟರನ್ನಿಟ್ಟು ತೆಗೆಯಿರಿ. ಮೊದಲ ಪ್ರಶ್ನೆ, 'ಇದು ಯಾರ ಮನೆ ಕತೆ?' ಸಂಜೆಯೊಳಗೆ ಉತ್ತರವೂ ಸಿಕ್ಕಿರುತ್ತದೆ! ಮಣ್ಣಿನ ಗೊಂಬೆಗೆ ಜಾತಿ ಇಲ್ಲ, ಮನೆತನ ಇಲ್ಲ, ಸೊಸೆ ಯಾವ ಊರಿನವಳು ಅಂತ ಕೇಳುವ ಹಾಗಿಲ್ಲ. ಬೊಟ್ಟು ಮಾಡಿ ತೋರಿಸಲು ಯಾರೂ ಸಿಗುವುದಿಲ್ಲ. ಆಗ ನೋಡುವವರಿಗೆ ತಮ್ಮ ಮನೆಯೇ ನೆನಪಾಗುತ್ತದೆ. ಅನಿಮೇಷನ್ನಿನ ಬಲ ಇರುವುದು ಅಲ್ಲೇ ಅಂತ ನನಗನ್ನಿಸುತ್ತದೆ.

ನಮ್ಮ ಮಲೆನಾಡಿನ ಸಾಗರ ತಾಲೂಕಿನ ಕಡೆ ಕತೆಯನ್ನು ಗೆರೆಯಲ್ಲಿ ಹೇಳುವುದು ಗೊತ್ತಿಲ್ಲದ್ದೇನಲ್ಲ. ಅಲ್ಲಿನ ದೀವರು ಸಮುದಾಯದ ಹೆಣ್ಣುಮಕ್ಕಳು ಮದುವೆ ಮನೆಯ ಗೋಡೆಗೆ ಕೆಮ್ಮಣ್ಣು ಬಳಿದು, ಅಕ್ಕಿಹಿಟ್ಟಿನ ಬಿಳಿಯಲ್ಲಿ, ಪುಂಡಿನಾರಿನ ಕುಂಚ ಹಿಡಿದು ಹಸೆ ಚಿತ್ತಾರ ಬರೆಯುತ್ತಾರೆ. ಮದುಮಗ ಮದುಮಗಳು ಅಲ್ಲಿ ಗೆರೆಗಳಲ್ಲೇ ಮೂಡುತ್ತಾರೆ. ಆ ಮದುಮಗಳು 'ನಂಗೆ ಈ ಮದುವೆ ಬೇಡ' ಅಂತ ಹಸೆ ಬಿಟ್ಟು ಎದ್ದರೆ? ಯಾರಾದರೂ ಮಾಡಿ ನೋಡಬೇಕು. ಗೆರೆಯನ್ನು ಚೂರುಚೂರೇ ಬದಲಿಸುತ್ತಾ ಫೋನಿನಲ್ಲಿ ಒಂದೊಂದೇ ಚಿತ್ರ ತೆಗೆಯಬೇಕು. ಸೆಕೆಂಡಿಗೆ 12 ಚಿತ್ರ ಅಂದರೂ ನಿಮಿಷಕ್ಕೆ 720 ಬೇಕು. ಮಳೆಗಾಲಕ್ಕೆ ಹೇಳಿ ಮಾಡಿಸಿದ ಕೆಲಸ. ಫೋನ್ ಅಲುಗಾಡದ ಹಾಗೆ ಕಟ್ಟಿಡಿ. ಕಿಟಕಿಯ ಬೆಳಕನ್ನು ಮಾತ್ರ ನಂಬಬೇಡಿ, ಮೋಡ ಸರಿದಾಗಲೆಲ್ಲ ಚಿತ್ರದ ಬಣ್ಣ ಬದಲಾಗುತ್ತದೆ. ಬಲ್ಬ್ ಹಾಕಿಕೊಳ್ಳಿ, ಕರೆಂಟ್ ಇದ್ದರೆ.