ಮಾರಿ ಮ್ಯಾಲ ನಗಿ ಇಲ್ದ ಜೋಕು

ನಮಸ್ಕಾರ್ರಿ ಎಲ್ಲಾರಿಗೂ. ಹೋದ ಬ್ಯಾಸಿಗ್ಯಾಗ ಸಿಂಧನೂರಿಗೆ ಮಾಮಾನ ಮನಿಗೆ ಹೋಗಿದ್ದೆ, ಜೋಡಿ ಬೆಂಗಳೂರಿನ ಗೆಳೆಯ ಒಬ್ಬ ಇದ್ದ, ಮಧ್ಯಾಹ್ನ ಕರೆಂಟ್ ಹೋತು, ಹೊರಗ 42 ಡಿಗ್ರಿ. ಅವ ಬೆವರು ಒರಸ್ಕೋತ "ಅಲ್ಲಾ ಅಂಕಲ್, ಶಕ್ತಿನಗರದಲ್ಲಿ 1720 ಮೆಗಾವ್ಯಾಟ್ ವಿದ್ಯುತ್ ಸ್ಥಾವರ ಇಟ್ಕೊಂಡಿರೋ ಜಿಲ್ಲೆ ನಿಮ್ದು, ನಿಮಗೇ ಕರೆಂಟ್ ಇಲ್ವಾ" ಅಂದ. ಮಾಮಾ ಒಗ್ಗರಣಿ ಪ್ಲೇಟಿನಾಗಿನ ಮಿರ್ಚಿ ಮುರಕೊಂಡು "ನಾವು ಅಡಿಗಿಯವ್ರಪಾ, ಪಂಕ್ತಿ ಎದ್ದ ಮ್ಯಾಲ ಉಳಿದ್ರ ಉಣ್ತೀವಿ" ಅಂದು ತಿನ್ನಾಕ ಹತ್ತಿದ, ಅಷ್ಟ. ಗೆಳೆಯ ಹೌದಾ ಅಂತ ಗೋಣು ಹಾಕಿದ. ರಾತ್ರಿ ಮಾಳಿಗಿ ಮ್ಯಾಲ ಮಲಗಿದಾಗ ಒಬ್ನೇ ಕಿಸಕ್ ಅಂತ ನಕ್ಕ.

ಇದಕ್ಕ ಇಂಗ್ಲಿಷ್‌ನ್ಯಾಗ ಡೆಡ್‌ಪ್ಯಾನ್ ಅಂತಾರ್ರಿ, ಪ್ಯಾನ್ ಅಂದ್ರ ಹಂಚಲ್ಲ ಮತ್ತ, ಅಮೆರಿಕದವರ ಆಡುಮಾತಿನ್ಯಾಗ ಮಾರಿ. ಬ್ಯಾರೆ ಜೋಕಿನಾಗ ಹೇಳಾವ ಮೊದ್ಲ ಹಲ್ಲು ಕಿಸಿದು ಈಗ ನಗ್ರಿ ಅಂತ ಸನ್ನಿ ಮಾಡ್ತಾನ, ಇಲ್ಲಿ ಸನ್ನಿ ಇಲ್ಲ, ಮಾತು ಒಂದು ದಿಕ್ಕಿಗೆ ಮಾರಿ ಒಂದು ದಿಕ್ಕಿಗೆ, ಎರಡನ್ನೂ ಕೂಡ್ಸಾ ಕೆಲ್ಸ ಕೇಳಾವಂದು, ಅದಕ್ಕ ತಡ ಆಗ್ತೈತಿ, ಆ ತಡದಾಗ ರುಚಿ ಇರಾದು.

1928ರ ಒಂದು ಮೂಕಿ ಸಿನಿಮಾದಾಗ ಅಮೆರಿಕದ ಹಾಸ್ಯ ನಟ ಬಸ್ಟರ್ ಕೀಟನ್ ಮನಿ ಮುಂದ ನಿಂತಿರ್ತಾನ, ಇಡೀ ಗ್ವಾಡಿ ಅವನ ಮ್ಯಾಲ ಬೀಳ್ತೈತಿ, ಮ್ಯಾಲಿನ ಕಿಡಕಿ ಕರೆಕ್ಟಾಗಿ ಅವ ನಿಂತಲ್ಲೇ ಬಂದು ಉಳಕೊಂತಾನ. ಖರೇ ಗ್ವಾಡಿನ ಬೀಳ್ಸಿದ್ರು. ಮಾರಿ ಮಾತ್ರ ಬಸ್ ಕಾಯಾಕ ನಿಂತವನ ಮಾರಿ.

ಸುಳ್ಳು ಬಾಳ ದೊಡ್ಡದಾದ್ರೂ ಕೆಡ್ತೈತಿ. ಕರೆಂಟೆಲ್ಲ ಬೆಂಗಳೂರಿನವ್ರು ಕುಡದುಬಿಟ್ರು ಅಂದಿದ್ರ ಜೋಕು ಅಂತ ಆಗಲೇ ಗೊತ್ತಾಗ್ತಿತ್ತು, ಜಗಳನೂ ಆಗ್ತಿತ್ತು ಅನ್ರಿ. ಅಡಿಗಿಯವರ ಮಾತಿನ್ಯಾಗ ಮುಕ್ಕಾಲು ಖರೇನ ಐತಿ, ಒಳಗ ಸಿಟ್ಟೂ ಐತಿ, ತೋರ್ಸಂಗಿಲ್ಲ ಅಷ್ಟ.

ನಾನೂ ಟ್ರೈ ಮಾಡೀನ್ರಿ, ಮಾತು ಮುಗಿಯಾಕ ಮೊದ್ಲ ತುಟಿ ಮೂಲಿ ಅಲ್ಲಾಡ್ತೈತಿ, ಕೆಲಸ ಕೆಟ್ಟಂಗ. ವಾಟ್ಸಾಪ್‌ನ್ಯಾಗ ಹಾಕಿದ್ರ ಮಂದಿ ಖರೇ ಅಂತ ತಿಳ್ಕೊಂಡು ಬೈತಾರ, ಹೆದರಿ ಒಂದು ನಗೋ ಇಮೋಜಿ ಹಚ್ಚಿದ್ರ ಕಾದ ಒಗ್ಗರಣಿಗೆ ನೀರು ಸುರುವಿದಂಗ.

ನಿನ್ನೆ ಮಾಮಾಗ ಫೋನ್ ಮಾಡಿ ನಾಳೆ ರೇಡಿಯೋದಾಗ ಮಾತಾಡಾಕ ಹತ್ತೀನಿ ಅಂದೆ. ಸ್ವಲ್ಪ ಹೊತ್ತು ಸುಮ್ನಿದ್ದ. ಆಮ್ಯಾಲ ಅಂದ, "ಚಲೋ ಆತು ಬಿಡು, ಮಾರಿ ಕಾಣಂಗಿಲ್ಲ."